ಗ್ವಾಟೆಮಾಲಾದಲ್ಲಿ ನನ್ನ ಕೆಮ್ಮು

ಬಣಕಲ್

ಮೂಡಿಗೆರೆಯ ಒಂದು ಶಾಲೆಯ ಹಾಲಿನಲ್ಲಿ ನನ್ನ ಚಿತ್ರ ತೋರಿಸಿದ ದಿನ, ನಮ್ಮ ಪಕ್ಕದ ತೋಟದ ಶೇಷೇಗೌಡರು ಎದ್ದು ನಿಂತು ಎಲ್ಲರೆದುರಿಗೇ ಕೇಳಿದರು: "ಅಲ್ಲ ಮಾರಾಯ್ತಿ, ಕೊನೇಲಿ ಆ ಬಾಗಿಲನ್ನ ಯಾಕೆ ಅಷ್ಟು ಹೊತ್ತು ತೋರಿಸ್ತೀಯ? ನಾನು ಹೊರಗೆ ಹೋಗಿ ಒಂದು ಬೀಡಿ ಸೇದಿ ಬಂದೆ. ಬಂದು ನೋಡಿದ್ರೆ ಇನ್ನೂ ಬಾಗಿಲೇ."

ಹಾಲಿಗೆ ಹಾಲೇ ನಕ್ಕಿತು. ನಾನೂ ನಕ್ಕೆ. ಉತ್ತರ ಹೇಳಬೇಕಾದರೆ ಗ್ವಾಟೆಮಾಲಾದಿಂದ ಶುರುಮಾಡಬೇಕಿತ್ತು, ಹಾಲಿನ ಬೀಗದ ಕೈ ಹಿಡಿದುಕೊಂಡವರು ಆಗಲೇ ಬಾಗಿಲಲ್ಲಿ ನಿಂತು ಗಡಿಯಾರ ನೋಡುತ್ತಿದ್ದರು. ಅವತ್ತು ಹೇಳಲಾಗದ್ದನ್ನು ಈಗ ಬರೆಯುತ್ತಿದ್ದೇನೆ. ಶೇಷೇಗೌಡರು ಕನ್ನಡಕ ಹುಡುಕಿಕೊಂಡು ಓದಲಿ.

ನಾನು ಸಾಕ್ಷ್ಯಚಿತ್ರ ಮಾಡುವವಳು. ಊರಲ್ಲಿ ಇದನ್ನು ವಿವರಿಸುವಷ್ಟು ಕಷ್ಟದ ಕೆಲಸ ಇನ್ನೊಂದಿಲ್ಲ. ಸಿನಿಮಾ ಅಂದರೆ ಹೀರೋ ಯಾರು ಅಂತ ಕೇಳುತ್ತಾರೆ. ಹೀರೋ ಇಲ್ಲ ಅಂದರೆ, ಓಹೋ, ಮದುವೆ ವಿಡಿಯೋನಾ ಅನ್ನುತ್ತಾರೆ. ಎರಡೂ ಅಲ್ಲ ಅಂದಮೇಲೆ ಪಾಪ ಅನ್ನುವ ಮುಖ ಮಾಡಿ ಮಾತು ಬದಲಿಸುತ್ತಾರೆ. ಜರ್ಮನಿಯ ಒಂದು ಸಂಸ್ಥೆಯವರಿಗೆ ಮಾತ್ರ ನನ್ನ ಕೆಲಸ ಅರ್ಥವಾಯಿತು. ಅಂತರ್ಯುದ್ಧ ಮುಗಿದ ದೇಶಗಳಿಗೆ ಹೊರಗಿನ ಚಿತ್ರಗಾರರನ್ನು ಕಳಿಸಿ, ಅಲ್ಲಿನ ಜನ ಆ ದಿನಗಳನ್ನು ಹೇಗೆ ನೆನಪಿಟ್ಟುಕೊಂಡಿದ್ದಾರೆ ಅಂತ ಅವರು ಚಿತ್ರ ಮಾಡಿಸುತ್ತಿದ್ದರು. ಕಾಫಿ ತೋಟದ ಮನೆಯವಳು ಅಂತ ಅರ್ಜಿಯಲ್ಲಿ ಬರೆದಿದ್ದೆ. ಅದಕ್ಕೇ ಇರಬೇಕು, ಕಾಫಿ ಬೆಳೆಯುವ ಗ್ವಾಟೆಮಾಲಾ ನನ್ನ ಪಾಲಿಗೆ ಬಂತು. ಅಲ್ಲಿನ ಯುದ್ಧ ನಿಂತು ಆಗ ಐದಾರು ವರ್ಷವಾಗಿತ್ತು.

"ಇಲ್ಲೂ ಕಾಫಿ, ಅಲ್ಲೂ ಕಾಫಿ. ಭೂಮಿ ಆ ತುದಿಗೆ ಹೋಗಿ ಮತ್ತೆ ಅದೇ ಗಿಡ ನೋಡ್ತೀಯಲ್ಲೇ" ಅಂದರು ಅಮ್ಮ.

ಮಹಾಲಯ ಅಮಾವಾಸ್ಯೆಗೆ ಹಿರಿಯರಿಗೆ ಎಡೆ ಇಟ್ಟು, ಅದರ ಕಡುಬು ಕೋಳಿಸಾರು ತಿಂದು ಹೊರಟೆ. ಬಟ್ಟೆಯ ನಡುವೆ ಅಮ್ಮ ಎರಡು ಪೊಟ್ಟಣ ತುರುಕಿದ್ದರು, ಒಂದರಲ್ಲಿ ಒಣಶುಂಠಿ, ಇನ್ನೊಂದರಲ್ಲಿ ನಮ್ಮದೇ ಕರಿಮೆಣಸು. ನನಗೆ ಕೆಮ್ಮು ಬರುತ್ತೆ ಅಂತ ಅಮ್ಮನಿಗೆ ಹೇಗೆ ಗೊತ್ತಿತ್ತೋ. ಅಮ್ಮಂದಿರಿಗೆ ಇಂಥದ್ದೆಲ್ಲ ಮೊದಲೇ ಗೊತ್ತಿರುತ್ತದೆ, ಆಮೇಲೆ ಫೋನಿನಲ್ಲಿ ಹೇಳಿಕೊಳ್ಳುತ್ತಾರೆ ಕೂಡ.

ವಿಮಾನ ನಿಲ್ದಾಣ, ಆಮೇಲೆ ಬಸ್ಸು

ಶೀತ ಹಿಡಿದದ್ದು ಫ್ರಾಂಕ್‌ಫರ್ಟಿನಲ್ಲಿ. ಗ್ವಾಟೆಮಾಲಾದಲ್ಲಿ ಇಳಿಯುವ ಹೊತ್ತಿಗೆ ಅದು ಎದೆಗೆ ಇಳಿದು ಕೆಮ್ಮಾಗಿತ್ತು. ಅದೂ ಎಂಥ ಕೆಮ್ಮು ಅಂದರೆ, ಹಳೇ ಜೀಪು ಚಳಿಯಲ್ಲಿ ಸ್ಟಾರ್ಟ್ ಆಗುವ ಹಾಗೆ, ಮೊದಲು ಒಂದೆರಡು ಸಲ ಗುರ್ ಅಂದು ಆಮೇಲೆ ಬಿಡದೆ ಹೊಡೆಯುವುದು.

ಕಸ್ಟಮ್ಸಿನ ಅಧಿಕಾರಿ ಪೆಟ್ಟಿಗೆ ಬಿಚ್ಚಿಸಿದ. ಕ್ಯಾಮೆರಾ ಕಂಡು ಏನೂ ಅನ್ನಲಿಲ್ಲ, ಕರಿಮೆಣಸಿನ ಪೊಟ್ಟಣ ಹಿಡಿದು ಇದೇನು ಅಂತ ಹುಬ್ಬು ಹಾರಿಸಿದ. ನನಗೆ ಸ್ಪ್ಯಾನಿಷ್ ಬರುತ್ತಿರಲಿಲ್ಲ. ಔಷಧಿ ಅಂತ ತೋರಿಸಲು ಎದೆ ಮುಟ್ಟಿಕೊಂಡು ಕೆಮ್ಮಿದೆ. ಶುರುಮಾಡಿದ್ದು ನಟನೆ, ಮುಂದುವರಿದದ್ದು ನಿಜ. ಅವನು ಕುರ್ಚಿಯನ್ನು ಹಿಂದಕ್ಕೆ ಎಳೆದುಕೊಂಡು, ಹೋಗು ತಾಯಿ ಹೋಗು ಅಂತ ಕೈಬೀಸಿದ. ನನ್ನ ಹಿಂದೆ ನಿಂತಿದ್ದವರೂ ಎರಡು ಹೆಜ್ಜೆ ಹಿಂದೆ ಸರಿದಿದ್ದರು.

ಹೊರಗೆ ಚೆಪೆ ಕಾಯುತ್ತಿದ್ದ. ನಾನು ಹೋಗಬೇಕಿದ್ದ ಹಳ್ಳಿಯ ಶಾಲೆಯ ಮೇಷ್ಟ್ರು, ನನ್ನದೇ ವಯಸ್ಸು. ಅಮೆರಿಕದಲ್ಲಿ ಕೆಲವು ವರ್ಷ ಕಿತ್ತಳೆ ತೋಟದಲ್ಲಿ ಹಣ್ಣು ಕಿತ್ತು ಇಂಗ್ಲಿಷ್ ಕಲಿತು ಬಂದವನು. ನನಗೆ ದುಭಾಷಿ ಅವನೇ. ಅಲ್ಲಿನ ಬೆಟ್ಟದ ಜನ ಮಾಯಾ ಮೂಲದವರು, ಮನೆಯಲ್ಲಿ ಆಡುವುದು ಮಾಮ್ ಎಂಬ ಭಾಷೆ. ಅದರಿಂದ ಇಂಗ್ಲಿಷಿಗೆ ಚೆಪೆ, ಇಂಗ್ಲಿಷಿನಿಂದ ಕನ್ನಡಕ್ಕೆ ನಾನು. ಈ ಬರಹದಲ್ಲಿ ಎಲ್ಲರೂ ನಮ್ಮ ಕಡೆಯವರ ಹಾಗೆ ಮಾತಾಡಿದರೆ ಆ ತಪ್ಪು ನನ್ನದು.

ಅಮೆರಿಕದಲ್ಲಿ ಶಾಲೆ ಮಕ್ಕಳನ್ನು ಹೊತ್ತು ಹಳತಾದ ಬಸ್ಸುಗಳೆಲ್ಲ ಅಲ್ಲಿಗೆ ಬಂದು ಗಿಣಿಬಣ್ಣ ಬಳಿಸಿಕೊಂಡು ಓಡುತ್ತವೆ. ನಮ್ಮ ಬಸ್ಸಿನ ಮುಂದೆ ದೇವರ ಹೆಸರಿರುವ ಹಾಗೆ ಅಲ್ಲೂ ಸಂತರ ಹೆಸರು. ಮಕ್ಕಳಿಗೆ ಮಾಡಿದ ಸೀಟಿನಲ್ಲಿ ಮೂರು ಜನ ದೊಡ್ಡವರು ಕೂರುತ್ತಾರೆ. ಓಡುವ ಬಸ್ಸಿನ ಹಿಂಬದಿಯ ಏಣಿ ಹತ್ತಿ ಕಂಡಕ್ಟರು ಟಾಪಿನ ಮೇಲೆ ಹೋಗಿ, ಮೂಟೆ ಸರಿಮಾಡಿ, ಮುಂದಿನ ಬಾಗಿಲಿಂದ ಒಳಗೆ ಬರುತ್ತಾನೆ. "ಹೆದರಿಕೆ ಆಗ್ತಿದೆಯಾ?" ಅಂತ ಚೆಪೆ ಕೇಳಿದ. ನನಗೆ ನಗು ಬಂತು. "ನಮ್ಮ ಕಳಸದ ಬಸ್ಸಿನವರು ಇದನ್ನ ಮಳೆಗಾಲದಲ್ಲೂ ಮಾಡ್ತಾರೆ. ಕಳಸದ ತಿರುವುಗಳಲ್ಲಿ ಓಡಾಡಿ ಬೆಳೆದವಳು ನಾನು. ನನಗೆ ಏನೂ ಆಗಲ್ಲ" ಅಂದೆ.

ಅಷ್ಟು ಹೇಳಿ ಸ್ವಲ್ಪ ಹೊತ್ತಿಗೆಲ್ಲ ಕಿಟಕಿಯಿಂದ ಹೊರಗೆ ತಲೆ ಹಾಕಿ ವಾಂತಿ ಮಾಡಿಕೊಂಡೆ. ಪಕ್ಕದಲ್ಲಿದ್ದ ಹೆಂಗಸು ಬುಟ್ಟಿಯಿಂದ ನಿಂಬೆಹಣ್ಣು ತೆಗೆದು, ಉಗುರಿಂದ ಸಿಪ್ಪೆ ಚುಚ್ಚಿ, ನನ್ನ ಮೂಗಿಗೆ ಹಿಡಿದಳು. ಕೊಟ್ಟಿಗೆಹಾರದ ಬಸ್ಸಿನಲ್ಲಿ ಯಾವುದೋ ಅಮ್ಮ ಮಾಡುವುದೂ ಇದನ್ನೇ. ನಿಂಬೆಹಣ್ಣು ಮೂಸುತ್ತಾ ಕಣ್ಣು ಬಿಟ್ಟರೆ ರಸ್ತೆಯ ಎರಡೂ ಕಡೆ ನೆರಳಿಗೆ ನಿಂತ ಸಿಲ್ವರ್ ಓಕ್ ಮರಗಳು, ಅದರ ಕೆಳಗೆ ಕಾಫಿ, ಆಗಷ್ಟೇ ಹಣ್ಣಿಗೆ ತಿರುಗುತ್ತಿದ್ದದ್ದು. ಥೇಟ್ ನಮ್ಮ ಬಣಕಲ್. ಒಂದೇ ಕೊರತೆ ಕಣ್ಣಿಗೆ ಬಿತ್ತು.

"ಇಷ್ಟು ಮರ ಇಟ್ಕೊಂಡು ಒಂದು ಮೆಣಸಿನ ಬಳ್ಳಿ ಹಬ್ಬಿಸಿಲ್ಲವಲ್ಲ ನೀವು" ಅಂದೆ. ಯುದ್ಧದ ಬಗ್ಗೆ ಚಿತ್ರ ಮಾಡಲು ಬಂದವಳ ಮೊದಲ ಪ್ರಶ್ನೆ ಇದು ಅಂತ ಚೆಪೆ ಆಮೇಲೆ ಊರೆಲ್ಲ ಹೇಳಿಕೊಂಡು ಬಂದ.

ಡೋನ್ಯಾ ತೊಮಾಸಾ ಮನೆ

ಹಳ್ಳಿಯ ಹೆಸರು ಬರೆಯುವುದಿಲ್ಲ. ಯುದ್ಧ ಮುಗಿದಿದ್ದರೂ ಅವತ್ತು ಜನರನ್ನು ಸೈನ್ಯಕ್ಕೆ ಹಿಡಿದುಕೊಟ್ಟವರು ಅದೇ ಸಂತೆಗೆ ಬಂದು ಅದೇ ಟೊಮೇಟೊ ಕೊಳ್ಳುತ್ತಿದ್ದರು.

ನಾನು ಉಳಿದುಕೊಂಡದ್ದು ತೊಮಾಸಾ ಅನ್ನುವ ಮುದುಕಿಯ ಮನೆಯಲ್ಲಿ. ಡೋನ್ಯಾ ಅಂದರೆ ನಮ್ಮಲ್ಲಿ ಅಮ್ಮೋರು ಅಂದ ಹಾಗೆ. ಗಿಡ್ಡ ಆಳು, ಎರಡು ಜಡೆ, ದೊಡ್ಡ ದನಿ. ಗಂಡ ತೀರಿಹೋಗಿದ್ದ, ಮಗಳು ಲೂಸಿಯಾ ಜೊತೆಗಿದ್ದಳು. ಮುದುಕಿ ನನ್ನನ್ನು ಮೇಲಿಂದ ಕೆಳಗೆ ನೋಡಿ, ಕೆಮ್ಮು ಕೇಳಿ, "ಇದನ್ನ ಬದುಕಿಸಿ ವಾಪಸ್ ಕಳಿಸೋದು ನಮ್ಮ ಜವಾಬ್ದಾರಿನಾ?" ಅಂತ ಚೆಪೆಯನ್ನು ಕೇಳಿದಳಂತೆ.

ಕಾಫಿ ಸೀಮೆಗೆ ಬಂದಿದ್ದೇನೆ, ಒಂದು ಒಳ್ಳೆ ಕಾಫಿ ಸಿಗುತ್ತೆ ಅಂತ ಆಸೆಪಟ್ಟಿದ್ದೆ. ಕೊಟ್ಟದ್ದು ಸಕ್ಕರೆ ಹಾಕಿ ಕುದಿಸಿದ ಕಂದು ನೀರು. ಲೋಟದ ತಳ ಕಾಣುತ್ತಿತ್ತು. ಲೂಸಿಯಾ ನನ್ನ ಮುಖ ನೋಡಿ, "ಒಳ್ಳೇದೆಲ್ಲ ಹಡಗು ಹತ್ತುತ್ತೆ. ನಮಗೆ ಉಳಿಯೋದು ನೆಲಕ್ಕೆ ಉದುರಿದ್ದು" ಅಂದಳು. ನಮ್ಮನೆಯಲ್ಲೂ ಒಳ್ಳೆಯದು ಮೂಟೆ ಕಟ್ಟಿಸಿಕೊಂಡು ಚಿಕ್ಕಮಗಳೂರಿನ ಕ್ಯೂರಿಂಗ್ ಕಾರ್ಖಾನೆಗೆ ಹೋಗಿ, ನಾವು ಉದುರಿದ ಕಾಯಿಯ ಪುಡಿಯನ್ನೇ ಕುಡಿಯುವುದು. ಹೇಳಿದೆ. ಅವತ್ತಿನಿಂದ ನನ್ನ ಲೋಟಕ್ಕೆ ಇನ್ನೊಂದು ಚಮಚ ಸಕ್ಕರೆ ಹೆಚ್ಚು ಬೀಳತೊಡಗಿತು, ಅದು ಪ್ರೀತಿ ಅಂತ ತಿಳಿದು ಕುಡಿದೆ.

ತೊಮಾಸಾ ಬದುಕಿಡೀ ದೊಡ್ಡ ತೋಟದಲ್ಲಿ ಹಣ್ಣು ಬಿಡಿಸಿದವಳು. ನಮ್ಮದು ತೋಟ ಅಂತ ಗೊತ್ತಾದ ದಿನ ಒಲೆ ಮುಂದೆ ಕೂತು ವಿಚಾರಣೆ ಶುರುಮಾಡಿದಳು.

"ನಿಮ್ಮಲ್ಲಿ ಹಣ್ಣು ಬಿಡಿಸೋರು ಯಾರು?"

"ನಾವೂ ಬಿಡಿಸ್ತೀವಿ, ಆಳುಗಳೂ ಇದ್ದಾರೆ. ಲೈನ್ ಮನೆಗಳಲ್ಲಿ ಇರ್ತಾರೆ."

"ಅವರ ಮಕ್ಕಳು ಸಂಜೆ ಮನೆಗೆ ವಾಪಸ್ ಬರ್ತಾರಾ?"

"ಬರ್ತಾರೆ."

"ಹಾಗಾದ್ರೆ ಒಳ್ಳೆ ತೋಟವೇ" ಅಂದಳು.

ನಮ್ಮ ತೋಟವನ್ನು ಆ ಅಳತೆಯಲ್ಲಿ ಯಾರೂ ಅಳೆದಿರಲಿಲ್ಲ. ನಾನು ರೊಟ್ಟಿ ಮುರಿದೆ. ಮುಸುಕಿನ ಜೋಳದ ರೊಟ್ಟಿ, ಕೈಯಲ್ಲೇ ತಟ್ಟಿದ್ದು, ನಮ್ಮ ಅಕ್ಕಿರೊಟ್ಟಿಯ ತಂಗಿಯ ಹಾಗೆ.

ಅವಳ ಮಗ ಮಾತೆಯೋ ವಾಪಸ್ ಬಂದಿರಲಿಲ್ಲ. ತೋಟದಲ್ಲಿ ಹಣ್ಣು ತೂಗುವ ತಕ್ಕಡಿಯ ಮುಖ ಲೆಕ್ಕ ಬರೆಯುವ ರೈಟರ್ ಕಡೆಗೆ ಮಾತ್ರ ಇರುತ್ತಿತ್ತು. ಅದನ್ನು ಬಿಡಿಸಿದವರ ಕಡೆಗೂ ತಿರುಗಿಸಿ ಇಡಿ ಅಂತ ಕೇಳಿದವರಲ್ಲಿ ಮಾತೆಯೋ ಮುಂದಿದ್ದವನು. ಆ ಕಾಲದಲ್ಲಿ ಅಷ್ಟು ಕೇಳಿದರೆ ಸಾಕಿತ್ತು, ಕಾಡಿನಲ್ಲಿರುವ ಬಂಡಾಯಗಾರರ ಕಡೆಯವನು ಅಂತ ಹೆಸರು ಬೀಳುತ್ತಿತ್ತು. ಒಂದು ಮಧ್ಯಾಹ್ನ ಸಿಪಾಯಿಗಳು ದಾರಿಯಲ್ಲಿ ಹಿಡಿದು ಲಾರಿಗೆ ಹತ್ತಿಸಿದರು. ಅಷ್ಟೇ. ಆಮೇಲೆ ಗೊತ್ತಿಲ್ಲ. ಸತ್ತ ಅಂತ ಯಾರೂ ಹೇಳಿಲ್ಲ, ಇದ್ದಾನೆ ಅಂತಲೂ ಹೇಳಿಲ್ಲ.

ಯುದ್ಧ ಮುಗಿದ ಮೇಲೆ ಅಲ್ಲಲ್ಲಿ ಗುಂಡಿಗಳನ್ನು ಅಗೆದು ಮೂಳೆಗಳ ಗುರುತು ಹಿಡಿಯುವ ಕೆಲಸ ಶುರುವಾಗಿತ್ತು. ಎಲ್ಲಿ ಗುಂಡಿ ತೆಗೆದರೂ ತೊಮಾಸಾ ಬುತ್ತಿ ಕಟ್ಟಿಕೊಂಡು ಬಸ್ಸು ಹತ್ತುತ್ತಿದ್ದಳು. ಅವತ್ತು ಮಗ ಕಟ್ಟಿಕೊಂಡಿದ್ದ ಸೊಂಟದ ಪಟ್ಟಿಯನ್ನು ನೇಯ್ದವಳು ಅವಳೇ. ಅದರ ಒಂದು ಎಳೆ ಉಳಿದಿದ್ದರೂ ಗುರುತು ಹಿಡಿಯುತ್ತೇನೆ ಅನ್ನುತ್ತಿದ್ದಳು. ಎಲ್ಲೂ ಸಿಕ್ಕಿರಲಿಲ್ಲ.

ತಾಯಿ ಮಗಳ ನಡುವೆ ಜಗಳ ಇದ್ದದ್ದು ಇಲ್ಲೇ. ನವೆಂಬರ್ ಮೊದಲ ದಿನ ಅಲ್ಲಿ ಸತ್ತವರ ಹಬ್ಬ. ಮೇಜಿನ ಮೇಲೆ ಒಬ್ಬೊಬ್ಬರಿಗೆ ಒಂದೊಂದು ತಟ್ಟೆ ಇಟ್ಟು ಅವರಿಗೆ ಇಷ್ಟವಾದದ್ದು ಬಡಿಸುತ್ತಾರೆ. ಅವತ್ತು ಊರವರು ಒಬ್ಬರ ಮನೆಗೆ ಒಬ್ಬರು ಬಂದು ನೋಡಿ ಹೋಗುತ್ತಾರೆ. ಮಾತೆಯೋಗೂ ಒಂದು ತಟ್ಟೆ ಇಡೋಣ, ಇಷ್ಟು ವರ್ಷ ಅವನನ್ನು ಹಸಿವಿನಲ್ಲಿ ನಿಲ್ಲಿಸಿದ್ದು ಸಾಕು ಅಂತ ಲೂಸಿಯಾ. ಆಗಲ್ಲ ಅಂತ ತೊಮಾಸಾ. "ಎಲ್ಲರ ಕಣ್ಣೆದುರು ತಟ್ಟೆ ಇಟ್ಟರೆ, ಅವನು ಸತ್ತ ಅಂತ ನಾನೇ ಊರಿಗೆ ಸಾರಿದ ಹಾಗೆ. ಕರ್ಕೊಂಡು ಹೋದೋರು ಬಾಯಿಬಿಡಲಿ ಮೊದಲು. ತಾಯಿನೇ ಒಪ್ಪಿಕೊಂಡಳಲ್ಲ ಅಂತ ಅವರು ಕೈ ತೊಳ್ಕೊಳ್ಳೋದು ಬೇಡ."

ಸುಳ್ಳು ಯಾಕೆ ಹೇಳಲಿ, ನಾನು ಲೂಸಿಯಾಳ ಪಕ್ಷ. ತಟ್ಟೆ ಇಟ್ಟರೆ ನನ್ನ ಚಿತ್ರಕ್ಕೆ ಕೊನೆ ಸಿಗುತ್ತಿತ್ತು. ಜರ್ಮನಿಯವರೂ ಆ ಮೇಜಿನ ದೃಶ್ಯ ಹೇಗಾದರೂ ಇರಲಿ ಅಂತ ಹೇಳಿ ಕಳಿಸಿದ್ದರು. ಕ್ಯಾಮೆರಾ ಎಲ್ಲಿಡಬೇಕು, ಕಿಟಕಿಯ ಬೆಳಕು ಎಷ್ಟು ಹೊತ್ತಿಗೆ ತಟ್ಟೆಯ ಮೇಲೆ ಬೀಳುತ್ತೆ, ಎಲ್ಲ ನೋಡಿಟ್ಟುಕೊಂಡಿದ್ದೆ.

ಬೆಚ್ಚನೆ ಗೂಡು

ಮಾತು ಹಿಡಿಯುವ ಕೆಲಸದಲ್ಲಿ ಕೆಮ್ಮಿನಷ್ಟು ದೊಡ್ಡ ಶತ್ರು ಇಲ್ಲ. ಚರ್ಚಿನ ಘಂಟೆ ಬಾರಿಸುವ ಮುದುಕ, ಸೈನ್ಯ ಊರಿಗೆ ನುಗ್ಗಿದ ಬೆಳಗ್ಗೆಯ ಕಥೆ ಹೇಳುತ್ತಾ, "ಆಗ ನಾನು ನೋಡಿದೆ" ಅಂದ. ಸರಿಯಾಗಿ ಅಲ್ಲಿ ನಾನು ಕೆಮ್ಮಿದೆ. ಇನ್ನೊಮ್ಮೆ ಹೇಳಿ ಅಂದರೆ ಅವನು ಕಥೆ ಬಿಟ್ಟು ನನ್ನ ಬೆನ್ನು ತಟ್ಟಲು ಎದ್ದ. ಆ ಟೇಪಿನಲ್ಲಿ ಈಗ ಉಳಿದಿರುವುದು ನನ್ನ ಕೆಮ್ಮು ಮತ್ತು ಅವನು ಪ್ರೀತಿಯಿಂದ ಹೊಡೆದ ಗುದ್ದುಗಳು. ಸೊಂಟದ ಪಟ್ಟಿಯ ಬಗ್ಗೆ ತೊಮಾಸಾ ಮಾತಾಡುವಾಗಲೂ ಹೀಗೇ ಆಯಿತು. ಅವಳು ಎದ್ದು ಹೋಗಿ ಜೇನುತುಪ್ಪ ತಂದಳು, ಸಂದರ್ಶನ ಮುಗಿಯಿತು.

ಮಾರನೇ ದಿನ ಮುದುಕಿ ನನ್ನ ರಟ್ಟೆ ಹಿಡಿದು ಹಿತ್ತಲಿಗೆ ಎಳೆದುಕೊಂಡು ಹೋದಳು. ಅಲ್ಲಿ ನಮ್ಮ ಕಡೆ ಕೋಳಿ ಗೂಡಿನಷ್ಟು ಎತ್ತರದ ಮಣ್ಣಿನ ಗೂಡೊಂದಿತ್ತು. ಒಳಗೆ ಕಲ್ಲು ಕಾಯಿಸಿ ನೀರು ಹೊಯ್ದು ಹಬೆ ಎಬ್ಬಿಸಿದ್ದಳು. ತೆವಳಿಕೊಂಡು ಒಳಗೆ ಹೋದೆ. ಕತ್ತಲು, ಹೊಗೆ, ಬೆವರು. ಯಾವುದೋ ಸೊಪ್ಪಿನ ಕಟ್ಟಿನಿಂದ ಬೆನ್ನಿಗೆ ಪಟಪಟ ಬಾರಿಸತೊಡಗಿದಳು. ಚೆಪೆ ಅಲ್ಲಿಗೆ ಬರುವ ಹಾಗಿರಲಿಲ್ಲ, ಹಾಗಾಗಿ ನಮ್ಮಿಬ್ಬರಿಗೂ ಭಾಷೆ ಇರಲಿಲ್ಲ. ಅವಳು ಮಾಮ್‌ನಲ್ಲಿ ಬೈಯುತ್ತಿದ್ದಳು, ನಾನು ಕನ್ನಡದಲ್ಲಿ ಅಯ್ಯೋ ಅನ್ನುತ್ತಿದ್ದೆ. ಆಮೇಲೆ ಬೆನ್ನು ತಿಕ್ಕಿದಳು. ಹಬ್ಬದ ಬೆಳಗ್ಗೆ ಬಚ್ಚಲ ಹಂಡೆಯ ಮುಂದೆ ಕೂರಿಸಿ, ಎಣ್ಣೆ ಜಿಡ್ಡು ಹೋಗುವವರೆಗೂ ಬಿಡದ ಅಮ್ಮನ ಕೈ ನೆನಪಾಯಿತು. ಮನೆ ಬಿಟ್ಟ ಮೇಲೆ ಅವತ್ತೇ ಮೊದಲು ಅಳು ಬಂದದ್ದು, ಹಬೆಯಲ್ಲಿ ಯಾರಿಗೂ ಗೊತ್ತಾಗಲಿಲ್ಲ.

ಹೊರಗೆ ಬಂದಾಗ ಮೈ ಕೆಂಪಗಾಗಿತ್ತು, ಹಗುರವಾಗಿತ್ತು. ಕೆಮ್ಮು ಮಾತ್ರ ಒಂದು ಚೂರೂ ಕಡಿಮೆಯಾಗಿರಲಿಲ್ಲ. ತೊಮಾಸಾ ತಲೆ ಅಲ್ಲಾಡಿಸಿದ ರೀತಿ ನೋಡಿದರೆ ಅವಳ ವೈದ್ಯಕ್ಕೆ ಇಂಥ ಅವಮಾನ ಹಿಂದೆಂದೂ ಆಗಿರಲಿಲ್ಲ. ಹಟಕ್ಕೆ ಬಿದ್ದು ಅಮ್ಮನ ಮೆಣಸಿನ ಕಷಾಯ ಮಾಡಿಸಿದೆ. ಮುದುಕಿ ಮೊದಲು ತಾನು ಕುಡಿದು ನೋಡಿ, ಕಣ್ಣು ಮೂಗಿನಿಂದ ನೀರು ಸುರಿಸಿ, ಉಳಿದ ಮೆಣಸನ್ನೆಲ್ಲ ಡಬ್ಬಿಗೆ ತುಂಬಿಟ್ಟುಕೊಂಡಳು. ಹಬ್ಬದ ಕೋಳಿಗೆ ಅಂತೆ.

ಹಬ್ಬದ ಹಿಂದಿನ ದಿನ

ಮಧ್ಯಾಹ್ನವೆಲ್ಲ ತಮಾಲೆ ಕಟ್ಟುತ್ತಾ ಕೂತೆವು. ಮುಸುಕಿನ ಜೋಳದ ಹಿಟ್ಟಿಗೆ ಕೋಳಿ ತುಂಡು ಹೂತು ಎಲೆಯಲ್ಲಿ ಸುತ್ತಿ ಹಬೆಯಲ್ಲಿ ಬೇಯಿಸುವುದು, ನಮ್ಮ ಎಲೆ ಕಡುಬಿನ ಹಾಗೆ. ನಾನು ಎಲೆ ಮಡಚುವುದು ನೋಡಿ ಲೂಸಿಯಾಗೆ ಆಶ್ಚರ್ಯ. ನೆಲದ ಮೇಲೆ ಪೈನ್ ಎಲೆ ಹರಡಿದ್ದರು. ಮೂಲೆಯಲ್ಲಿ ರಾಶಿ ರಾಶಿ ಚೆಂಡುಹೂ. ದೀಪಾವಳಿಗೆ ನಮ್ಮ ಬಾಗಿಲಿಗೆ ಕಟ್ಟುವ ಹೂವು ಅಲ್ಲಿ ಸತ್ತವರಿಗೆ ದಾರಿ ತೋರಿಸಲು.

"ನಿಮ್ಮಲ್ಲಿ ಸತ್ತವರಿಗೆ ಊಟ ಹಾಕಲ್ವಾ?" ತೊಮಾಸಾ ಕೇಳಿದಳು.

"ಹಾಕ್ತೀವಿ. ಹಾಕಿನೇ ಇಲ್ಲಿಗೆ ಬಂದದ್ದು" ಅಂದೆ. ಎಡೆಯ ಕಥೆ ಹೇಳಿದೆ. ಬಾಳೆಲೆ ಹಾಕಿ ಅವರವರಿಗೆ ಇಷ್ಟವಾದದ್ದು ಬಡಿಸುವುದು, ಅಜ್ಜಿಗೆ ಎಲೆಅಡಿಕೆ, ದೊಡ್ಡಪ್ಪನಿಗೆ ಒಂದು ಲೋಟ ಬ್ರಾಂದಿ. ಧೂಪ ಹಾಕಿ ಎಲ್ಲರೂ ಹೊರಗೆ ಬಂದು ಬಾಗಿಲು ಹಾಕಿಕೊಂಡು ಜಗಲಿಯಲ್ಲಿ ಕೂರುವುದು.

ಚೆಪೆ ಅದನ್ನು ಹೇಳುತ್ತಿದ್ದ ಹಾಗೆ ಮುದುಕಿಯ ಕೈ ನಿಂತಿತು. "ಬಾಗಿಲು ಹಾಕ್ತೀರಾ? ಯಾಕೆ?"

"ತಿನ್ನೋರ ಬಾಯಿ ನೋಡಬಾರದು ಅಂತ. ಯಾರಾದ್ರೂ ನೋಡ್ತಾ ನಿಂತ್ರೆ ನಮಗೆ ಊಟ ಸೇರುತ್ತಾ? ಅವರಿಗೂ ಹಾಗೇ."

"ಮತ್ತೆ ತೆಗೆಯೋದು ಯಾವಾಗ?"

"ಒಂದಷ್ಟು ಹೊತ್ತು ಬಿಟ್ಟು. ತೆಗೆಯೋ ಮುಂಚೆ ಮನೆ ಹಿರಿಯರು ಬಾಗಿಲ ಹತ್ರ ನಿಂತು ಜೋರಾಗಿ ಕೆಮ್ಮಬೇಕು. ನಮ್ಮಜ್ಜ ಕೆಮ್ಮುತ್ತಿದ್ರು. ಇದ್ದಕ್ಕಿದ್ದ ಹಾಗೆ ನುಗ್ಗಿದ್ರೆ ಅವರಿಗೆ ಮುಜುಗರ ಅಲ್ವಾ. ಕೆಮ್ಮು ಕೇಳಿದ್ರೆ ಕೈತೊಳೆದು ಎದ್ದು ಹೋಗ್ತಾರೆ."

ಲೂಸಿಯಾ ಬಿದ್ದು ಬಿದ್ದು ನಕ್ಕಳು. ಹಾಗಾದರೆ ಇವಳು ಬಂದಾಗಿನಿಂದ ನಮ್ಮೂರ ಸತ್ತವರು ಯಾರೂ ನೆಮ್ಮದಿಯಾಗಿ ಕೂತಿರಲಿಕ್ಕಿಲ್ಲ ಅಂದಳು. ತೊಮಾಸಾ ನಗಲಿಲ್ಲ. ಹಿಟ್ಟು ಮೆತ್ತಿದ ಬೆರಳನ್ನು ನೋಡುತ್ತಾ ಇನ್ನೊಂದು ಪ್ರಶ್ನೆ ಕೇಳಿದಳು.

"ಬಾಗಿಲು ಹಾಕಿದ ಮೇಲೆ, ಒಳಗೆ ಯಾರ್ಯಾರಿಗೆ ಬಡಿಸಿದೆ ಅಂತ ಹೊರಗಿನವರಿಗೆ ಹೇಗೆ ಗೊತ್ತಾಗುತ್ತೆ?"

"ಗೊತ್ತಾಗಲ್ಲ. ಬಡಿಸಿದವರಿಗೆ ಗೊತ್ತು, ತಿನ್ನೋರಿಗೆ ಗೊತ್ತು."

ಆಮೇಲೆ ಅವಳು ಆ ವಿಷಯ ಎತ್ತಲಿಲ್ಲ. ನಾನೂ ಮರೆತು, ನಾಳೆಯ ಬೆಳಕಿನ ಲೆಕ್ಕಾಚಾರಕ್ಕೆ ಇಳಿದೆ.

ಬಾಗಿಲು

ಬೆಳಗ್ಗೆ ಬಿಸಿಲು ಚೆನ್ನಾಗಿತ್ತು. ಮೇಜಿಗೆ ಹೊಸ ಬಟ್ಟೆ, ತೊಮಾಸಾಳ ಗಂಡನ ಫೋಟೋ, ಅವಳ ಅಪ್ಪ ಅಮ್ಮನ ಹೆಸರಿಗೆ ಮೇಣದಬತ್ತಿ. ನಾನು ಸ್ಟ್ಯಾಂಡಿನ ಮೇಲೆ ಕ್ಯಾಮೆರಾ ಇಟ್ಟು ಹೊಂದಿಸಿದೆ. ತೊಮಾಸಾ ತಮಾಲೆಯ ಪಾತ್ರೆ ಹಿಡಿದು ಬಂದವಳು ಮಗಳನ್ನು ನೋಡಿ ಹೊರಗೆ ಅಂದಳು. ಚೆಪೆಯನ್ನು ನೋಡಿ ಹೊರಗೆ ಅಂದಳು. ನಾನು ಹೊರಡುತ್ತಾ, ಕ್ಯಾಮೆರಾ ಅದರ ಪಾಡಿಗೆ ಓಡುತ್ತಿರಲಿ ಅಂತ ಗುಂಡಿ ಒತ್ತಿ, ಏನೂ ಗೊತ್ತಿಲ್ಲದವಳ ಹಾಗೆ ಬಾಗಿಲ ಕಡೆ ನಡೆದೆ.

"ಅದೂ ಹೊರಗೆ."

ಚೆಪೆ ಹೊಸ್ತಿಲಲ್ಲಿ ನಿಂತು ಅನುವಾದಿಸಿದ. "ತಿನ್ನೋರ ಬಾಯಿ ನೋಡಬಾರದು ಅಂತ ನೀನೇ ಅಲ್ವಾ ಹೇಳಿದ್ದು, ಅಂತಿದ್ದಾಳೆ."

ಒಂದು ಚಿತ್ರಕ್ಕೋಸ್ಕರ ಸಮುದ್ರ ದಾಟಿ ಬಂದು, ಆ ಚಿತ್ರದ ಮುಂದೆ ನಾನೇ ನಮ್ಮ ಬಣಕಲ್ಲಿನ ಬಾಗಿಲು ತಂದು ನಿಲ್ಲಿಸಿದ್ದೆ. ಅಮ್ಮ ಕೇಳಿದ್ದರೆ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದರು. ಕ್ಯಾಮೆರಾ ಎತ್ತಿಕೊಂಡು ಹೊರಗೆ ಬಂದೆ.

ಅವಳು ಒಳಗೆ ಒಬ್ಬಳೇ ಬಹಳ ಹೊತ್ತು ಇದ್ದಳು. ತಟ್ಟೆಗಳ ಸದ್ದು ಕೇಳುತ್ತಿತ್ತು. ಆಮೇಲೆ ಹೊರಗೆ ಬಂದು ಬಾಗಿಲು ಎಳೆದು, ಮೆಟ್ಟಿಲ ಮೇಲೆ ಕೂತು, ನನ್ನನ್ನು ಪಕ್ಕಕ್ಕೆ ಕೂರಿಸಿಕೊಂಡಳು. "ಕೆಮ್ಮೋದು ನೀನೇ. ನಿನಗೆ ಅಭ್ಯಾಸ ಇದೆ."

ಬೇರೆ ಏನೂ ಇರಲಿಲ್ಲವಲ್ಲ, ಕ್ಯಾಮೆರಾವನ್ನು ಮುಚ್ಚಿದ ಬಾಗಿಲಿಗೆ ತಿರುಗಿಸಿ ಇಟ್ಟೆ. ಅಕ್ಕಪಕ್ಕದವರು ಮೇಜು ನೋಡಲು ಬಂದವರು ನಿಂತು, ಇದೇನು ಬಾಗಿಲು ಹಾಕಿದ್ದೀರಿ ಅಂತ ಕೇಳಿದರು. ಲೂಸಿಯಾ ಸಿಡುಕಿನಿಂದ, "ಇಂಡಿಯಾ ಪದ್ಧತಿ" ಅಂದಳು. ಜನ ನನ್ನನ್ನು ಮರ್ಯಾದೆಯಿಂದ ನೋಡಿ ಮುಂದೆ ಹೋದರು. ಸ್ಮಶಾನದ ಕಡೆಯಿಂದ ಬ್ಯಾಂಡಿನ ಸದ್ದು. ತಮಾಲೆ ತಣ್ಣಗಾಗುತ್ತೆ ಅಂತ ಚೆಪೆ ಎರಡು ಸಲ ಹೇಳಿದ, ಅವನಿಗೆ ಹಸಿವು.

ನಮ್ಮ ಅಜ್ಜನಾಗಿದ್ದರೆ ಅಷ್ಟು ಹೊತ್ತಿಗೆ ಎರಡು ಸಲ ಕೆಮ್ಮಿರುತ್ತಿದ್ದರು. ಸಾಕು ಅಂದುಕೊಂಡು ನಾನು ಎದ್ದು ಗಂಟಲು ಸರಿಮಾಡಿಕೊಂಡೆ. ತೊಮಾಸಾ ನನ್ನ ಕೈ ಹಿಡಿದು ಕೆಳಗೆ ಎಳೆದಳು.

ಬಾಗಿಲ ಕಡೆ ನೋಡುತ್ತಾ ಮೆಲ್ಲಗೆ ಏನೋ ಅಂದಳು. ನಾನು ಚೆಪೆಯ ಮುಖ ನೋಡಿದೆ.

"ಇನ್ನೊಂಚೂರು ಇರಲಿ ಅಂತಿದ್ದಾಳೆ. ಅವನು ನಿಧಾನ ತಿನ್ನೋನು ಅಂತೆ."

"ಯಾರು, ಅಪ್ಪನಾ?" ಅಂದಳು ಲೂಸಿಯಾ. "ಅಪ್ಪ ಗಬಗಬ ತಿಂದು ಎದ್ದುಬಿಡ್ತಿದ್ದ."

ಮುದುಕಿ ಶಾಲನ್ನು ಎಳೆದು ಹೊದ್ದುಕೊಂಡಳು. ಲೂಸಿಯಾ ಅವಳನ್ನೇ ನೋಡಿದಳು. ಮುಖದ ಸಿಡುಕೆಲ್ಲ ಇಳಿದುಹೋಯಿತು. ಬಂದು ಅಮ್ಮನ ಇನ್ನೊಂದು ಪಕ್ಕ ಕೂತು, ಅವಳ ಶಾಲಿನ ತುದಿಯನ್ನು ಮುಷ್ಟಿಯಲ್ಲಿ ಹಿಡಿದುಕೊಂಡಳು, ಸಣ್ಣ ಮಕ್ಕಳು ಹಿಡಿದುಕೊಳ್ಳುವ ಹಾಗೆ.

ಅದೇ ಹೊತ್ತಿಗೆ ನನ್ನ ಎದೆಯೊಳಗೆ ಆ ಹಾಳು ಜೀಪು ಗುರ್ ಅಂದಿತು. ದುಪಟ್ಟಾವನ್ನು ಬಾಯಿಗೆ ತುರುಕಿಕೊಂಡೆ. ಉಸಿರು ಹಿಡಿದೆ. ಕಣ್ಣಲ್ಲಿ ನೀರು ಬಂತು, ಕಿವಿ ಗುಂಯ್ ಅಂದಿತು. ಚೆಪೆ ಗಾಬರಿಯಾಗಿ ನೀರು ತರಲು ಓಡಿದ. ದೇವರೇ, ಇಷ್ಟು ದಿನ ಎಲ್ಲರ ಮಾತಿನ ಮೇಲೆ ಕೆಮ್ಮಿಸಿದ್ದೀಯ, ಈಗೊಂದು ಸಲ ಬೇಡ ಅಂತ ಬೇಡಿಕೊಂಡೆ. ಮುದುಕಿ ಬಾಗಿಲಿನಿಂದ ಕಣ್ಣು ತೆಗೆಯದೆ ನನ್ನ ಬೆನ್ನನ್ನು ನೀವುತ್ತಿದ್ದಳು. ನಾನು ಕೆಮ್ಮಲಿಲ್ಲ.

ಆ ಬಾಗಿಲು ಚಿತ್ರದಲ್ಲಿ ಅಷ್ಟು ಹೊತ್ತು ಇರುವುದು ಅದಕ್ಕೇ, ಶೇಷೇಗೌಡರೇ. ನೀವು ಹೊರಗೆ ಬೀಡಿ ಸೇದುತ್ತಿದ್ದಾಗ ಒಳಗೆ ಮಾತೆಯೋ ಊಟ ಮಾಡುತ್ತಿದ್ದ.